ಫೋಲ್ಡರ್ ಕಾಪಿ ಮಾಡಿದ್ರೆ ಬ್ಯಾಕಪ್ ಆಗಲ್ಲ

‘ನಂದೆಲ್ಲಾ ಕ್ಲೌಡ್‌ನಲ್ಲಿದೆ ಗುರು, ಭಯ ಇಲ್ಲ.’ ಗಾಂಧಿಬಜಾರಿನಲ್ಲಿ ಕಾಫಿ ಹೀರುತ್ತಾ ಹೀಗಂದ ಗೆಳೆಯ ಆಫೀಸಿನ ಸರ್ವರ್‌ಗಳಿಗೆ ದಿನಾ ರಾತ್ರಿ ಬ್ಯಾಕಪ್ ತೆಗೆಯೋನು. ಮನೆ ಲ್ಯಾಪ್‌ಟಾಪ್‌ಗೆ ಮಾತ್ರ ದೇವರೇ ಗತಿ.

ನಾನೂ ಹಾಗೇ ಇದ್ದವನು. ಬಸವನಗುಡಿ ಮನೆಯ ಹಳೇ ಕಂಪ್ಯೂಟರಿನಲ್ಲಿ ಅಪ್ಪ ಅಜ್ಜಿಯ ಹಾಡುಗಳನ್ನು, ಮನೆತನದ ಕಥೆಯನ್ನು ವರ್ಷಗಟ್ಟಲೆ ಟೈಪ್ ಮಾಡಿಟ್ಟಿದ್ದರು. ಡಾಕ್ಯುಮೆಂಟ್ಸ್ ಫೋಲ್ಡರನ್ನು ಪೆನ್‌ಡ್ರೈವ್‌ಗೆ ಹಾಕಿಕೊಂಡು ಮಷೀನನ್ನು ಗುಜರಿಗೆ ಕೊಟ್ಟೆ. ‘ಎಲ್ಲಾ ಕಾಪಿ ಆಯ್ತೇನೋ?’ ಅಂತ ಅಪ್ಪ ಕೇಳಿದ್ದಕ್ಕೆ ‘ಆಯ್ತಪ್ಪ’ ಅಂದೆ. ಹೊಸ ಲ್ಯಾಪ್‌ಟಾಪಿನಲ್ಲಿ ತೆರೆದರೆ ಕನ್ನಡವೇ ಇಲ್ಲ! ಪರದೆ ತುಂಬಾ ಇಂಗ್ಲಿಷ್ ಅಕ್ಷರ, ಬ್ರಾಕೆಟ್ಟು, ಚುಕ್ಕೆ.

ಯುನಿಕೋಡ್‌ಗೆ ಮುಂಚಿನ ಕನ್ನಡದ ಹಣೆಬರಹವೇ ಅದು. ಫೈಲಿನಲ್ಲಿರುವುದು ಬರೀ ಸಂಕೇತ. ಅದನ್ನು ‘ಕ’ ಅಂತ ತೋರಿಸುವುದು ಫಾಂಟು. ನುಡಿ, ಬರಹದ ಫೈಲಾಗಿದ್ದರೆ ಕನ್ವರ್ಟರ್ ಸಿಗುತ್ತೆ. ಅಪ್ಪನದು ಯಾರೋ ಡಿಟಿಪಿಯವರು ಹಾಕಿಕೊಟ್ಟಿದ್ದ, ಎಲ್ಲೂ ಸಿಗದ ಫಾಂಟು. ಅದಿದ್ದದ್ದು ಸಿ ಡ್ರೈವಿನ ವಿಂಡೋಸ್ ಫೋಲ್ಡರಿನಲ್ಲಿ. ಅಲ್ಲಿಗೆ ನಾನು ಹೋಗಲೇ ಇಲ್ಲ.

ಅದಕ್ಕೇ ಜಗಳಕ್ಕೆ ನಿಂತಿದ್ದೇನೆ: ಯಾವ ಫೈಲು ಮುಖ್ಯ ಅಂತ ಇವತ್ತೇ ಆರಿಸುವ ಬುದ್ಧಿವಂತಿಕೆ ಬೇಡ. ಇಡೀ ಡಿಸ್ಕ್ ತೆಗೆಯಿರಿ. ಕ್ಲೋನ್‌ಜಿಲ್ಲಾ ಬಿಟ್ಟಿ ಸಿಗುತ್ತೆ, ಆಪರೇಟಿಂಗ್ ಸಿಸ್ಟಮ್, ಫಾಂಟು, ಸೆಟ್ಟಿಂಗ್ ಸಮೇತ ಡಿಸ್ಕಿನ ಇಮೇಜ್ ಮಾಡುತ್ತೆ. ಮ್ಯಾಕ್‌ನವರಿಗೆ ಟೈಮ್ ಮಷೀನ್ ಇದ್ದೇ ಇದೆ. ‘ಜಾಗ ಜಾಸ್ತಿ ಬೇಕು’ ಅಂತೀರಾ? ಎರಡು ವರ್ಷಕ್ಕೊಂದು ಫೋನ್ ಬದಲಿಸೋರು ಒಂದು ಎಕ್ಸ್‌ಟರ್ನಲ್ ಡಿಸ್ಕಿಗೆ ಚೌಕಾಸಿ ಮಾಡಬಾರದು.

ಇನ್ನು ಕ್ಲೌಡ್ ಸಿಂಕ್. ಇಲ್ಲಿ ಅಳಿಸಿದ್ದನ್ನು ಅದು ಅಲ್ಲೂ ಅಳಿಸುತ್ತೆ. ಗೂಗಲ್ ಡ್ರೈವ್‌ನ ಕಸದಬುಟ್ಟಿ 30 ದಿನ ಕಾಯುತ್ತೆ, ಅಷ್ಟೇ. ಹಾಗಂತ ಡಿಸ್ಕನ್ನು ಸದಾ ಸಿಕ್ಕಿಸಿಟ್ಟರೂ ಕೆಟ್ಟಿತು: ರ್‍ಯಾನ್ಸಮ್‌ವೇರ್ ಬಂದರೆ ಅದಕ್ಕೂ ಬೀಗ. ಕೆಲಸ ಮುಗಿದ ಮೇಲೆ ಕಿತ್ತು, ಬೇರೆ ಮನೆಯಲ್ಲಿಡಿ.

ಹತ್ತನೇ ಶತಮಾನದಲ್ಲೇ ಅತ್ತಿಮಬ್ಬೆ ಪೊನ್ನನ ಶಾಂತಿಪುರಾಣಕ್ಕೆ ಸಾವಿರ ಪ್ರತಿ ಮಾಡಿಸಿ ಹಂಚಿದಳು. ಓಲೆಗರಿಯ ಮೇಲೆ, ಒಂದೊಂದನ್ನೂ ಕೈಯಲ್ಲಿ ಬರೆಸಿ. ನಮಗೆ ಎರಡನೇ ಪ್ರತಿಗೇ ಮೈಭಾರ.

ನನ್ನ ಡಿಸ್ಕ್ ಈಗ ಮಲ್ಲೇಶ್ವರದ ಚಿಕ್ಕಮ್ಮನ ಬೀರುವಿನಲ್ಲಿ, ರೇಷ್ಮೆ ಸೀರೆಗಳ ನಡುವೆ ಇದೆ. ತಿಂಗಳಿಗೊಮ್ಮೆ ಹೋಗಿ ಇಮೇಜ್ ಹೊಸದು ಮಾಡ್ತೀನಿ, ಒಂದೆರಡು ಫೈಲ್ ವಾಪಸ್ ತೆಗೆದು ನೋಡ್ತೀನಿ. ಅಪ್ಪನ ಫೈಲುಗಳೂ ಅದರಲ್ಲಿವೆ, ಓದಲಾಗದ ಹಾಗೇ.