ಕ್ಯಾಮೆರಾ ಇಲ್ಲದ ಸಿನಿಮಾ

ಸಿನಿಮಾ ಮಾಡಲು ಕ್ಯಾಮೆರಾ ಬೇಕು, ದೀಪಗಳು ಬೇಕು, ಕೈತುಂಬ ಹಣ ಬೇಕು. ಇವು ಯಾವುವೂ ಇಲ್ಲದವರು ಏನು ಮಾಡಬೇಕು? 1930ರ ದಶಕದಲ್ಲಿ ಸ್ಕಾಟ್‌ಲೆಂಡಿನ ಗ್ಲಾಸ್ಗೋ ಕಲಾಶಾಲೆಯಲ್ಲಿ ಓದುತ್ತಿದ್ದ ನಾರ್ಮನ್ ಮೆಕ್‌ಲಾರೆನ್ ಒಂದು ದಾರಿ ಕಂಡುಕೊಂಡ. ಬಳಸಿ ಬಿಟ್ಟಿದ್ದ ಹಳೆಯ ಫಿಲಂ ಸುರುಳಿಯನ್ನು ನೀರಿನಲ್ಲಿ ನೆನೆಹಾಕಿ, ಅದರ ಮೇಲಿದ್ದ ಚಿತ್ರಗಳನ್ನೆಲ್ಲ ತೊಳೆದು ತೆಗೆದ. ಬರಿದಾದ ಆ ಪಟ್ಟಿಯ ಮೇಲೆ ನೇರವಾಗಿ ಬಣ್ಣ ಬಳಿದ. ಪ್ರೊಜೆಕ್ಟರಿಗೆ ಹಾಕಿದಾಗ ಪರದೆಯ ಮೇಲೆ ಬಣ್ಣಗಳು ಕುಣಿದವು!

ಇದು ಸುಲಭದ ಕೆಲಸವಲ್ಲ. ಪರದೆಯ ಮೇಲೆ ಸೆಕೆಂಡಿಗೆ 24 ಚಿತ್ರಗಳು ಹಾದುಹೋಗುತ್ತವೆ. ಒಂದು ನಿಮಿಷಕ್ಕೆ 1,440. ಒಂದೊಂದೂ ಬೆರಳ ತುದಿಯಷ್ಟು ಚಿಕ್ಕದು. 1941ರಲ್ಲಿ ಕೆನಡಾದ ರಾಷ್ಟ್ರೀಯ ಚಲನಚಿತ್ರ ಮಂಡಳಿಯನ್ನು ಸೇರಿದ ಮೇಲೂ ಮೆಕ್‌ಲಾರೆನ್ ಈ ವಿಧಾನವನ್ನು ಬಿಡಲಿಲ್ಲ. 1955ರ 'ಬ್ಲಿಂಕಿಟಿ ಬ್ಲ್ಯಾಂಕ್' ಚಿತ್ರವನ್ನು ಅವರು ಕಪ್ಪು ಫಿಲಮ್ಮನ್ನು ಕೆರೆದೇ ರಚಿಸಿದರು. ನಡುನಡುವೆ ಹಲವು ಚೌಕಗಳನ್ನು ಖಾಲಿ ಬಿಟ್ಟರು. ಆ ಕತ್ತಲನ್ನು ನೋಡುವವರ ಕಣ್ಣೇ ತುಂಬಿಕೊಳ್ಳುತ್ತದೆ.

ಧ್ವನಿಯನ್ನೂ ಅವರು ಹೀಗೆಯೇ ಬರೆದರು. ಫಿಲಮ್ಮಿನ ಅಂಚಿನಲ್ಲಿ ಧ್ವನಿಗಾಗಿ ಒಂದು ಸಣ್ಣ ಜಾಗವಿರುತ್ತದೆ. ಅಲ್ಲಿ ಗೆರೆಗಳನ್ನು ಒತ್ತೊತ್ತಾಗಿ ಎಳೆದರೆ ಸ್ವರ ಏರುತ್ತದೆ, ಬಿಡಿಬಿಡಿಯಾಗಿ ಎಳೆದರೆ ಇಳಿಯುತ್ತದೆ. ವಾದ್ಯವೂ ಇಲ್ಲ, ವಾದಕನೂ ಇಲ್ಲ!

ಇದೆಲ್ಲ ಬರೀ ಕೈಚಳಕವೇ? ಅಲ್ಲ. 1936ರಲ್ಲಿ ಅಂತರ್ಯುದ್ಧದ ಚಿತ್ರೀಕರಣಕ್ಕೆಂದು ಸ್ಪೇನ್‌ಗೆ ಹೋಗಿದ್ದ ಮೆಕ್‌ಲಾರೆನ್ ಯುದ್ಧವನ್ನು ಕಣ್ಣಾರೆ ಕಂಡಿದ್ದರು. 1949ರಲ್ಲಿ ಯುನೆಸ್ಕೋ ಪರವಾಗಿ ಚೀನಾದಲ್ಲಿದ್ದಾಗ ಅಲ್ಲಿನ ಕ್ರಾಂತಿಯನ್ನು ಕಂಡರು. ಮರುವರ್ಷವೇ ಕೊರಿಯಾ ಯುದ್ಧ ಶುರುವಾಯಿತು. ಆ ಸಂಕಟದಿಂದ ಹುಟ್ಟಿದ್ದು 1952ರ 'ನೇಬರ್ಸ್', ಅಂದರೆ ನೆರೆಹೊರೆಯವರು.

ಇಬ್ಬರು ನೆರೆಯವರ ನಡುವೆ ಒಂದು ಹೂವು ಅರಳುತ್ತದೆ. ಇಬ್ಬರೂ ಅದರ ಪರಿಮಳಕ್ಕೆ ಮರುಳಾಗುತ್ತಾರೆ. ಹೂವು ಯಾರದು? ಬೇಲಿ ಏಳುತ್ತದೆ, ಜಗಳ ಹತ್ತುತ್ತದೆ, ಹೂವೇ ಕಾಲ್ತುಳಿತಕ್ಕೆ ಸಿಕ್ಕಿ ಹಾಳಾಗುತ್ತದೆ. ಕೊನೆಗೆ ಇಬ್ಬರೂ ಸಾಯುತ್ತಾರೆ. ಇಬ್ಬರ ಗೋರಿಯ ಮೇಲೂ ಒಂದೊಂದು ಹೂವು ಬೆಳೆಯುತ್ತದೆ. ಇಲ್ಲಿರುವವರು ನಿಜವಾದ ಮನುಷ್ಯರೇ. ಆದರೆ ಗೊಂಬೆಗಳಂತೆ ಅವರನ್ನು ಒಂದೊಂದೇ ಭಂಗಿಯಲ್ಲಿ ನಿಲ್ಲಿಸಿ ಚಿತ್ರ ತೆಗೆದು ಜೋಡಿಸಿದ್ದಾರೆ. ಹಾಗಾಗಿ ಮೊದಮೊದಲು ನಗು ಬರುತ್ತದೆ, ಆಮೇಲೆ ಎದೆ ನಡುಗುತ್ತದೆ. ಸುಮಾರು 8 ನಿಮಿಷಗಳ ಈ ಚಿತ್ರಕ್ಕೆ ಆಸ್ಕರ್ ಬಂತು. 2009ರಲ್ಲಿ ಯುನೆಸ್ಕೋದ 'ವಿಶ್ವ ಸ್ಮರಣೆ' ಪಟ್ಟಿಗೂ ಇದು ಸೇರಿತು.

ನಮ್ಮ ನಾಡಿಗೂ ಅವರ ನಂಟಿದೆ. ಕುಳಿತುಕೊಳ್ಳಲು ಬಿಡದ ಹಟಮಾರಿ ಕುರ್ಚಿಯೊಂದರ ಕಥೆಯಾದ 'ಎ ಚೇರಿ ಟೇಲ್' (1957) ಚಿತ್ರಕ್ಕೆ ಪಂಡಿತ್ ರವಿಶಂಕರ್ ಸಿತಾರ್ ನುಡಿಸಿದ್ದಾರೆ, ಚತುರ್‌ಲಾಲ್ ತಬಲಾ ನುಡಿಸಿದ್ದಾರೆ.

ಮೆಕ್‌ಲಾರೆನ್ 1987ರಲ್ಲಿ ತೀರಿಕೊಂಡರು. ಇಂದು ಮನೆಮನೆಯ ಮೊಬೈಲಿನಲ್ಲೂ ಕ್ಯಾಮೆರಾ ಇದೆ. ಸಲಕರಣೆಯ ಕೊರತೆ ನೀಗಿದೆ. ಇನ್ನು ಬೇಕಾಗಿರುವುದು ಹೇಳಲೇಬೇಕಾದ ಒಂದು ಮಾತು, ಅದನ್ನು ಹೇಳಿ ಮುಗಿಸುವಷ್ಟು ತಾಳ್ಮೆ. ಮಗ ಅಥವಾ ಮಗಳು ನೋಟ್‌ಬುಕ್ಕಿನ ಅಂಚಿನಲ್ಲಿ ಪುಟಪುಟಕ್ಕೂ ಗೊಂಬೆ ಬರೆದು, ಹಾಳೆಗಳನ್ನು ಸರಸರನೆ ತಿರುವಿ ಕುಣಿಸುತ್ತಿದ್ದರೆ ಗದರಿಸುವ ಮುನ್ನ ಒಮ್ಮೆ ನೋಡಿ. ಮೆಕ್‌ಲಾರೆನ್ ಹಿಡಿದದ್ದೂ ಅದೇ ದಾರಿ.