ಉಗಿಯಂತ್ರಗಳು ಓಡುತ್ತಿರಲಿ

ನಿಂತುಹೋದ ಗಡಿಯಾರವನ್ನು ನೋಡಿ ಕಾಲವನ್ನು ಅಳೆಯುವ ಬಗೆಯನ್ನು ಕಲಿಯುವುದು ಕಷ್ಟ. ನಿಂತ ಉಗಿಯಂತ್ರದ ವಿಷಯವೂ ಹಾಗೆಯೇ. ಮೈಸೂರಿನಲ್ಲಿ 1979ರಲ್ಲಿ ಆರಂಭವಾದ ರೈಲ್ವೆ ವಸ್ತುಸಂಗ್ರಹಾಲಯದ ಹಳೆಯ ಎಂಜಿನ್ನುಗಳನ್ನು ನಮ್ಮ ಓದುಗರಲ್ಲಿ ಅನೇಕರು ಕಂಡಿರಬಹುದು. ಅವುಗಳ ಗಾತ್ರಕ್ಕೆ ನಾವು ಬೆರಗಾಗುತ್ತೇವೆ. ಆದರೆ ಅವುಗಳ ಒಡಲಲ್ಲಿ ಬೆಂಕಿಯಿಲ್ಲ, ನೀರಿಲ್ಲ. ಉಗಿಯ ಬಲವನ್ನು ಕಣ್ಣಾರೆ ಕಾಣಬೇಕಾದರೆ ನಮ್ಮ ನೆರೆಯ ನೀಲಗಿರಿಗೆ ಹೋಗಬೇಕು.

ಮೆಟ್ಟುಪಾಳಯದಿಂದ ಕೂನೂರಿನವರೆಗಿನ ಬೆಟ್ಟದ ರೈಲುದಾರಿ 1899ರಲ್ಲಿ ತೆರೆಯಿತು. 1908ರಲ್ಲಿ ಅದು ಉದಕಮಂಡಲವನ್ನು ಮುಟ್ಟಿತು. ಮೆಟ್ಟುಪಾಳಯದಿಂದ ಕೂನೂರಿಗೆ ಇಂದಿಗೂ ಉಗಿ ಎಂಜಿನ್ನೇ ಗಾಡಿಯನ್ನು ಏರಿಸುತ್ತದೆ. ಕಲ್ಲಾರಿನಿಂದ ಮುಂದೆ ಏರು ಎಷ್ಟು ಕಡಿದೆಂದರೆ, ಹನ್ನೆರಡು ಅಡಿ ಸಾಗುವಷ್ಟರಲ್ಲಿ ಒಂದು ಅಡಿ ಮೇಲೇರಬೇಕು. ನುಣುಪಾದ ಉಕ್ಕಿನ ಗಾಲಿ ಅಲ್ಲಿ ಜಾರುತ್ತದೆ. ಆದುದರಿಂದ ಹಳಿಗಳ ನಡುವೆ ಹಲ್ಲುಳ್ಳ ಪಟ್ಟಿಗಳನ್ನು ಹಾಸಿದ್ದಾರೆ. ಎಂಜಿನ್ನಿನ ಹಲ್ಲುಚಕ್ರ ಅವನ್ನು ಕಚ್ಚಿ ಹಿಡಿದು ಏರುತ್ತದೆ. ಉಗಿ ಮೊದಲು ಎರಡು ಸಿಲಿಂಡರುಗಳನ್ನು ಹೊಕ್ಕು ಗಾಲಿಗಳನ್ನು ತಿರುಗಿಸುತ್ತದೆ. ಅಲ್ಲಿಂದ ಹೊರಬಿದ್ದು, ಉಳಿದ ಒತ್ತಡದಿಂದಲೇ ಇನ್ನೆರಡು ಸಿಲಿಂಡರುಗಳಲ್ಲಿ ದುಡಿದು ಹಲ್ಲುಚಕ್ರಗಳನ್ನು ನಡೆಸುತ್ತದೆ. ಎಂಜಿನ್ನು ಯಾವಾಗಲೂ ಗಾಡಿಯ ಕೆಳತುದಿಯಲ್ಲಿದ್ದು ಡಬ್ಬಿಗಳನ್ನು ಮೇಲಕ್ಕೆ ತಳ್ಳುತ್ತದೆ. ಕೊಂಡಿ ಕಳಚಿದರೂ ಡಬ್ಬಿಗಳು ಕಣಿವೆಗೆ ಉರುಳಬಾರದಷ್ಟೆ!

ಉಗಿ ಎಂಜಿನ್ನಿನ ದೋಷಗಳನ್ನು ನಾವು ಮರೆಮಾಚುವುದಿಲ್ಲ. ಉರುವಲಿನ ಶಾಖದಲ್ಲಿ ಹತ್ತನೆಯ ಒಂದು ಪಾಲೂ ಕೆಲಸವಾಗಿ ಮಾರ್ಪಡುವುದಿಲ್ಲ. ಉಳಿದುದೆಲ್ಲ ಹೊಗೆಯ ಕೊಳವೆಯಲ್ಲಿ ಆಕಾಶಕ್ಕೆ ಏರುತ್ತದೆ. ಬೆಳಗಿನ ಗಾಡಿಗೆ ಗಂಟೆಗಟ್ಟಲೆ ಮೊದಲೇ ಬೆಂಕಿ ಹೊತ್ತಿಸಬೇಕು. ಚಿತ್ತರಂಜನ್ ಕಾರ್ಖಾನೆ 1972ರಲ್ಲಿ ಇವುಗಳ ತಯಾರಿಕೆಯನ್ನು ನಿಲ್ಲಿಸಿದ್ದು ಸರಿಯಾದ ತೀರ್ಮಾನವೇ. ದೇಶದ ಸರಕುಸಾಗಣೆಗೆ ಉಗಿಯನ್ನು ಮರಳಿ ತರಬೇಕೆಂದು ವಾದಿಸುವವರು ವಿಜ್ಞಾನದ ಮಿತ್ರರಲ್ಲ.

ಹಾಗಾದರೆ ಬೆರಳೆಣಿಕೆಯಷ್ಟು ಎಂಜಿನ್ನುಗಳನ್ನಾದರೂ ಏಕೆ ಓಡಿಸಬೇಕು? ಚೆಂದಕ್ಕಾಗಿ ಎಂಬುದು ಹಲವರ ಉತ್ತರ. ಚೆಂದವೊಂದೇ ಸಾಕಾದರೆ ವೇಷವೂ ಸಾಕಾಗುತ್ತದೆ. 2023ರಲ್ಲಿ ಗುಜರಾತಿನ ಅಹಮದಾಬಾದು ಮತ್ತು ಏಕತಾ ನಗರಗಳ ನಡುವೆ ಆರಂಭವಾದ ಒಂದು ಗಾಡಿಗೆ, ಹೊರಗೆ ಉಗಿ ಎಂಜಿನ್ನಿನ ರೂಪ, ಒಳಗೆ ವಿದ್ಯುತ್ತಿನ ಮೋಟಾರು. ಪ್ರಯಾಣಿಕರಿಗೆ ಅದರಿಂದ ಸಂತೋಷವಾದರೆ ನಮ್ಮ ಆಕ್ಷೇಪವಿಲ್ಲ. ಆದರೆ ಇಂಥ ಬಂಡಿಯಿಂದ ಪರಂಪರೆ ಉಳಿಯಿತೆಂದು ಭಾವಿಸುವುದು ತಪ್ಪು. ಉಳಿದದ್ದು ಆಕಾರ ಮಾತ್ರ.

ಉಳಿಯಬೇಕಾದದ್ದು ಅರಿವು. ಒಂದು ಉದಾಹರಣೆಯನ್ನು ನೋಡಿ. ಬಾಯ್ಲರಿನೊಳಗೆ ಬೆಂಕಿಗೂಡಿನ ಮೇಲ್ತಗಡು ಸದಾ ನೀರಿನಲ್ಲಿ ಮುಳುಗಿರಬೇಕು. ನೀರು ಇಳಿದು ತಗಡು ಬರಿದಾದರೆ ಅದು ಮಿತಿಮೀರಿ ಕಾದು ಮೆತ್ತಗಾಗುತ್ತದೆ. ಆಗ ಬಾಯ್ಲರು ಸಿಡಿಯುವ ಭಯವುಂಟು. ನೀರಿನ ಮಟ್ಟವನ್ನು ತೋರಿಸಲು ಗಾಜಿನ ನಳಿಗೆಯೊಂದಿರುತ್ತದೆ. ಸಮತಲದಲ್ಲಿ ಅದನ್ನು ಓದುವುದು ಸುಲಭ. ಬೆಟ್ಟದ ಏರಿನಲ್ಲಾದರೋ ಬಾಯ್ಲರು ಓರೆಯಾಗುತ್ತದೆ, ನೀರು ಮಾತ್ರ ಸಮನಾಗಿಯೇ ನಿಲ್ಲುತ್ತದೆ. ಒಂದು ತುದಿಯಲ್ಲಿ ನೀರು ಧಾರಾಳವಾಗಿರುವಂತೆ ಕಂಡರೂ ಇನ್ನೊಂದು ತುದಿಯಲ್ಲಿ ಕಡಿಮೆಯಿರಬಹುದು. ಯಾವ ತಿರುವಿನಲ್ಲಿ ಮಟ್ಟ ಎಷ್ಟಿರಬೇಕು, ಯಾವಾಗ ನೀರೂಡಬೇಕು, ಉಸಿರಿನ ಸದ್ದು ಹೇಗೆ ಬದಲಾದರೆ ಅಪಾಯ ಎಂಬುದೆಲ್ಲ ದಿನದಿನವೂ ಅದರೊಡನೆ ದುಡಿಯುವ ಚಾಲಕ ಮತ್ತು ಫೈರ್‌ಮನ್‌ರ ಕಣ್ಣು ಕಿವಿಗಳಲ್ಲಿದೆ. ಪುಸ್ತಕದಲ್ಲಿ ಅದರ ಅರ್ಧವೂ ಇಲ್ಲ. ಎಂಜಿನ್ನು ನಿಂತರೆ ಒಂದೇ ತಲೆಮಾರಿನಲ್ಲಿ ಈ ವಿದ್ಯೆ ಅಳಿಯುತ್ತದೆ. ಬಳಿಕ ಕೋಟಿ ರೂಪಾಯಿ ಕೊಟ್ಟರೂ ಅದನ್ನು ಕೊಳ್ಳಲಾಗದು.

ಓಡುವ ಎಂಜಿನ್ನು ಇದ್ದಲ್ಲಿ ವಿದ್ಯೆಯೂ ಬೆಳೆಯುತ್ತದೆ. ನೀಲಗಿರಿಯ ಹಳೆಯ ಎಂಜಿನ್ನುಗಳು ಸ್ವಿಟ್ಜರ್ಲೆಂಡಿನಲ್ಲಿ ತಯಾರಾಗಿ ಬಂದವು. ಅವು ಸವೆದಾಗ ಅದೇ ಬಗೆಯ ಹೊಸ ಎಂಜಿನ್ನುಗಳನ್ನು ತಿರುಚಿರಾಪಳ್ಳಿಯ ಗೋಲ್ಡನ್ ರಾಕ್ ಕಾರ್ಯಾಗಾರದ ನಮ್ಮ ಕೆಲಸಗಾರರೇ ನಿರ್ಮಿಸಿದರು. ಬೆಟ್ಟದಲ್ಲಿ ಉಗಿಯ ಓಡಾಟ ಎಂದೋ ನಿಂತುಹೋಗಿದ್ದರೆ ಇದು ಸಾಧ್ಯವಾಗುತ್ತಿತ್ತೆ?

ವಿದ್ಯಾರ್ಥಿಗಳಿಗೆ ಇನ್ನೂ ಒಂದು ಲಾಭವಿದೆ. ಇಂದಿನ ಯಂತ್ರಗಳು ತಮ್ಮ ಗುಟ್ಟನ್ನು ಮುಚ್ಚಳದ ಕೆಳಗೆ ಅಡಗಿಸಿಟ್ಟುಕೊಳ್ಳುತ್ತವೆ. ಉಗಿ ಎಂಜಿನ್ನು ಎಲ್ಲವನ್ನೂ ಹೊರಗೇ ತೋರಿಸುತ್ತದೆ. ಕುದಿಯುವ ನೀರು ಉಗಿಯಾಗಿ ಸಾವಿರದ ಆರುನೂರು ಪಟ್ಟು ಹಿಗ್ಗುವುದನ್ನು ಪಠ್ಯದಲ್ಲಿ ಓದಿದವರು, ಆ ಹಿಗ್ಗುವಿಕೆ ದಂಡವನ್ನು ನೂಕಿ ಗಾಲಿಯನ್ನು ತಿರುಗಿಸುವುದನ್ನು ಇಲ್ಲಿ ಕಾಣಬಹುದು.

ಆದುದರಿಂದ ನಮ್ಮ ಅಭಿಪ್ರಾಯ ಇಷ್ಟೆ: ಉಗಿ ಎಂಜಿನ್ನುಗಳು ಕೆಲವೇ ಇರಲಿ, ಆದರೆ ಅವು ಓಡುತ್ತಿರಲಿ, ಅವನ್ನು ನಡೆಸುವವರಿಗೆ ಶಿಷ್ಯರೂ ಇರಲಿ. ಮುಂದಿನ ರಜೆಯಲ್ಲಿ ನೀವು ನೀಲಗಿರಿಯ ಗಾಡಿಯನ್ನು ಹತ್ತಿದರೆ ಕಿಟಕಿಯ ನೋಟಕ್ಕಷ್ಟೇ ಮನಸೋಲಬೇಡಿ. ಎಂಜಿನ್ನು ನೀರು ತುಂಬಿಕೊಳ್ಳಲು ನಿಂತಾಗ ಇಳಿದು ಹೋಗಿ, ಮಸಿ ಮೆತ್ತಿದ ಆ ಕೈಗಳ ಒಡೆಯರನ್ನು ಒಂದೆರಡು ಪ್ರಶ್ನೆ ಕೇಳಿರಿ. ಅವರೂ ಗುರುಗಳೇ.