ಅಳಿಸ್ಬುಡು ಅನ್ನೋ ಮುಂಚೆ

ಮನೇಲಿ ಯಾವುದಾದ್ರೂ ಕೆಟ್ಟ ಮಾತು ಬಂತು ಅಂದ್ರೆ ನಮ್ ಹೆಂಗಸ್ರ ಬಾಯಲ್ಲಿ ಮೊದಲು ಬರೋದು "ಓಗ್ಲಿ ಬುಡು" ಅಂತ. ಈಗಿನ ಕಾಲಕ್ಕೆ ಅದೇ ಮಾತು "ಡಿಲೀಟ್ ಮಾಡ್ಬುಡು" ಅಂತ ಆಗೈತೆ. ಫೋನಲ್ಲಿ ಯಾರೋ ಏನೋ ಕಳಿಸಿದ್ರೆ ಡಿಲೀಟ್ ಮಾಡು. ಮಕ್ಕಳು ಆಡೋ ಗೇಮಲ್ಲಿ ಯಾರೋ ಬೈದ್ರೆ ಡಿಲೀಟ್ ಮಾಡು. ಕಣ್ಣಿಗೆ ಕಾಣಿಸ್ದಿದ್ರೆ ಮುಗೀತು ಅನ್ನೋ ಲೆಕ್ಕ. ನನ್ನ ಕೇಳಿದ್ರೆ ಈ ಮಾತು ಮಕ್ಕಳಿಗೆ ಹೇಳೋದನ್ನ ನಾವು ನಿಲ್ಲಿಸ್ಬೇಕು. ಅಳಿಸೋದೇ ತಪ್ಪು ಅಂತ ನಾನು ಹೇಳ್ತಿಲ್ಲ. ಅಳಿಸಿದ್ರೆ ಯಾರ ಕಡೆ ಹೋಗ್ತದೆ, ಯಾರ ಕಡೆ ಉಳೀತದೆ ಅಂತ ತಿಳ್ಕೊಳ್ದೆ ಅಳಿಸಿದ್ರೆ ಮಕ್ಕಳಿಗೇ ಪೆಟ್ಟು.

ನಾನು ಹೇಳ್ತಿರೋದು ಟಿವಿಗೆ ಸಿಕ್ಕಿಸಿ ಆಡ್ತಾರಲ್ಲ, ಆ ಪ್ಲೇಸ್ಟೇಷನ್ನು, ಎಕ್ಸ್‌ಬಾಕ್ಸು, ಅವುಗಳ ವಿಷಯ. ಪ್ಲೇಸ್ಟೇಷನ್ 5 ನಮ್ ದೇಶದಲ್ಲಿ ಮಾರಾಟಕ್ಕೆ ಬಂದಿದ್ದು 2021ರ ಫೆಬ್ರವರಿ 2ಕ್ಕೆ. ಡಿಸ್ಕ್ ಹಾಕೋ ಮಾಡಲ್‌ಗೆ ಆವಾಗ 49,990 ರೂಪಾಯಿ. ನಮ್ ಕ್ಯಾಲನೂರು ಕಡೆ ಅಷ್ಟು ದುಡ್ಡಿದ್ರೆ ಕೊಟ್ಟಿಗೆಗೆ ಒಂದು ಸೀಮೆಹಸ ತರೋ ಯೋಚನೆ ಮಾಡ್ತೀವಿ. ಆದ್ರೆ ನಮ್ಮೂರುಗಳಿಂದ ಬೆಂಗಳೂರಿಗೆ ಹೋಗಿ ಕೆಲಸ ಹಿಡಿದಿರೋರ ಮನೇಲಿ ಮಕ್ಕಳು ಹಠ ಮಾಡಿ ತರ್ಸ್ಕೊಂಡವ್ರೆ. ನಾವು ನೋಡೋರಿಗೆ ಅದು ಬರೀ ಆಟದ ಸಾಮಾನು. ಒಳಗೆ ಒಂದು ಪೋಸ್ಟಾಫೀಸೇ ಐತೆ. ಆಡ್ತಾ ಆಡ್ತಾ ಮಾತಾಡಬಹುದು, ಆಟ ಮುಗಿದ ಮೇಲೆ ಮೆಸೇಜ್ ಕಳಿಸಬಹುದು, ಫೋಟೋ ಕಳಿಸಬಹುದು. ಫೋನಲ್ಲಿ ಅದರ ಆಪ್ ಹಾಕ್ಕೊಂಡ್ರೆ ಅಲ್ಲೂ ಬರ್ತದೆ. ಮಗನ ವಾಟ್ಸಾಪ್ ದಿನಾ ತೆಗೆದು ನೋಡೋ ತಾಯಂದ್ರು ಕೂಡ ಇದರೊಳಗೆ ಇಣುಕಿರಲ್ಲ.

ನಮ್ ನಾದಿನಿ ಬೆಂಗಳೂರಲ್ಲವ್ಳೆ. ಅವಳ ಮಗ ಎಂಟನೇ ಕ್ಲಾಸು. ಅವನ ಜೊತೆ ಓದೋ ಹುಡುಗ ಒಬ್ಬ ಫುಟ್‌ಬಾಲ್ ಗೇಮಲ್ಲಿ ಇವನ ಕೈಲಿ ಸೋತ. ಅವತ್ತು ರಾತ್ರಿಯಿಂದ ಶುರು ಆಯ್ತು ಮೆಸೇಜು. ಮೊದಲು ಇವನ ಬಣ್ಣದ ಮೇಲೆ, ಆಮೇಲೆ ಮುದ್ದೆ ತಿನ್ನೋ ಹಳ್ಳಿ ಗುಗ್ಗು ಅಂತ, ಆಮೇಲೆ ಇವನ ಅಮ್ಮನ ಮೇಲೆ. ಒಂದು ವಾರ ಹುಡುಗ ಯಾರಿಗೂ ಹೇಳ್ದೆ ನುಂಗ್ಕೊಂಡ. ಎಂಟನೇ ದಿನ ತಡೀಲಾರ್ದೆ ಒಂದೇ ಒಂದು ಸಲ ತಿರುಗಿಸಿ ಬೈದು, ಅಳ್ತಾ ಬಂದು ಅಮ್ಮನಿಗೆ ತೋರಿಸ್ದ. ಅವಳಿಗೆ ಕೈಕಾಲು ನಡುಕ. "ಮೊದ್ಲು ಅದನ್ನ ಅಳಿಸು, ನಿಮ್ಮಪ್ಪ ನೋಡ್ಬುಟ್ರೆ ಗ್ರಾಚಾರ" ಅಂದ್ಳು. ಇವನು ಒತ್ತಿದ, ಎಲ್ಲಾ ಮಾಯ. ತಾಯಿ ಮಗ ಇಬ್ಬರೂ ನೆಮ್ಮದಿಯಾಗಿ ಮಲಗಿದ್ರು.

ನಾಲ್ಕು ದಿನಕ್ಕೆ ಇಸ್ಕೂಲಿಂದ ಫೋನು. ಆ ಹುಡುಗ ಇವನು ಬೈದಿದ್ದ ಒಂದು ಸಾಲನ್ನ ಮಾತ್ರ ಫೋನಲ್ಲಿ ಫೋಟೋ ತೆಗೆದು, ಕ್ಲಾಸಿಗೆಲ್ಲಾ ಹಂಚಿ, ಟೀಚರ್‌ಗೂ ತೋರಿಸಿದ್ದ. ಮೇಲಿನ ಒಂದು ವಾರದ ಬೈಗುಳ ಆ ಫೋಟೋದಲ್ಲಿ ಇಲ್ಲ. "ಅವನೇ ಮೊದಲು ಶುರು ಮಾಡಿದ್ದು" ಅಂತ ನಾದಿನಿ ಅಂದ್ರೆ "ತೋರಿಸಿ" ಅಂದ್ರು. ಏನು ತೋರಿಸ್ತಾಳೆ? ಇವರ ಟಿವೀಲಿ ಎಲ್ಲಾ ಖಾಲಿ. ಕ್ಷಮಾಪಣೆ ಪತ್ರ ಬರೆದಿದ್ದು ನಮ್ ಹುಡುಗನೇ.

ಬೇಸಿಗೆ ರಜಕ್ಕೆ ನಾನು ಅವರ ಮನೆಗೆ ಹೋಗಿದ್ದಾಗ "ಲೋ, ಅದೆಂಗೆ ನಿನ್ನ ಕಡೆ ಹೋಗಿ ಅವನ ಕಡೆ ಉಳೀತು, ನನಗೂ ವಸಿ ತೋರ್ಸು" ಅಂದೆ. "ಬಾ ಅತ್ತೆ" ಅಂತ ಕೂರಿಸಿ ಒಂದೊಂದೇ ತೆಗೆದು ತೋರಿಸ್ದ. ಪ್ಲೇಸ್ಟೇಷನ್ನಲ್ಲಿ ಇಬ್ಬರೇ ಮಾತಾಡಿದ್ರೂ ಅದು ಗುಂಪಿನ ಲೆಕ್ಕ. ಆ ಗುಂಪಿಂದ ನಾವು ಲೀವ್ ಆದ್ರೆ ನಮ್ಮ ಪಟ್ಟೀಲಿ ಆ ಮಾತುಕತೆ ಪೂರ್ತಿ ಹೋಗ್ತದೆ. ಉಳಿದಿರೋರ ಕಡೆ ಹಂಗೇ ಇರ್ತದೆ. ಎಕ್ಸ್‌ಬಾಕ್ಸಲ್ಲೂ ಅಷ್ಟೇ, ಮಾತುಕತೆ ಡಿಲೀಟ್ ಮಾಡಿದ್ರೆ ನಮಗೆ ಕಾಣಲ್ಲ, ಎದುರಿಗಿರೋರಿಗೆ ಕಾಣ್ತದೆ.

ನನಗೆ ತಟ್ಟನೆ ನೆನಪಾಗಿದ್ದು ಹಾಲಿನ ಡೈರಿ. ಒತ್ತಾರೆ ಹಾಲು ಹಾಕಿದ್ರೆ ಎಷ್ಟು ಲೀಟರು ಅಂತ ನಮ್ಮ ಪುಸ್ತಕದಲ್ಲೂ ಬರೀತಾರೆ, ಡೈರಿ ಪುಸ್ತಕದಲ್ಲೂ ಬರೀತಾರೆ. ನಮ್ಮ ಪುಸ್ತಕದಲ್ಲಿ ರಬ್ಬರ್ ಹಾಕಿ ಉಜ್ಜಿದ್ರೆ ಡೈರೀಲಿ ಅಳಿಸೋಗ್ತದಾ? ಇಲ್ಲ. ಬಟವಾಡೆ ದಿನ ಜಗಳ ಬಂದ್ರೆ ಪುಸ್ತಕ ಯಾರ ಕೈಲಿ ಐತೋ ಅವರ ಮಾತೇ ಮಾತು. ನಮ್ಮ ಪುಸ್ತಕವನ್ನ ನಾವೇ ಒಲೆಗೆ ಹಾಕ್ಕೊಂಡು ಡೈರಿ ಸೆಕ್ರೆಟರಿ ಮುಂದೆ ನಿಂತ್ರೆ ಎಂಗಿರ್ತದೋ, ನಮ್ ಹುಡುಗ ಇಸ್ಕೂಲಲ್ಲಿ ಅಂಗೇ ನಿಂತಿದ್ದ.

ನಮ್ಮೋರು ಮೋಸ ಹೋಗೋದು ವಾಟ್ಸಾಪ್ ಅಭ್ಯಾಸದಿಂದ. ಅದರಲ್ಲಿ ಎರಡು ಥರ ಐತೆ. "ನನಗೆ ಮಾತ್ರ ಅಳಿಸು" ಅನ್ನೋದು ಒಂದು, "ಎಲ್ಲರಿಗೂ ಅಳಿಸು" ಅನ್ನೋದು ಇನ್ನೊಂದು. ಎಲ್ಲರಿಗೂ ಅಳಿಸೋದು 2017ರಲ್ಲಿ ಬಂದಾಗ ಏಳೇ ನಿಮಿಷ ಟೈಮು. ಆಮೇಲೆ ಒಂದು ಗಂಟೆ ಮೇಲೆ ಆಯ್ತು, 2022ರಿಂದ ಎರಡು ದಿನಕ್ಕೂ ವಸಿ ಜಾಸ್ತಿ ಕೊಟ್ಟವ್ರೆ. ಅದೂ ನಾವು ಕಳಿಸಿದ ಮೆಸೇಜಿಗೆ. ಇಬ್ಬರೇ ಮಾತಾಡೋ ಚಾಟಲ್ಲಿ ಎದುರಿಗಿರೋರು ಕಳಿಸಿದ್ದನ್ನ ನಾವು ಅಳಿಸಿದ್ರೆ ಹೋಗೋದು ನಮ್ಮ ಫೋನಿಂದ ಮಾತ್ರ. ಎಲ್ಲರಿಗೂ ಅಳಿಸಿದ್ರೂ ಅಳಿಸಿದ ಗುರುತು ಅಲ್ಲೇ ಕೂತಿರ್ತದೆ. ನಮ್ ಮನೆತನದ ಗ್ರೂಪಲ್ಲಿ ಯಾರಾದ್ರೂ ಒಂದು ಅಳಿಸ್ಲಿ, "ಏನದು, ಏನು ಅಳಿಸ್ದೆ" ಅಂತ ಹತ್ತು ಜನ ಕೇಳ್ತಾರೆ. ಎದುರಿಗಿರೋನು ಅಷ್ಟರಲ್ಲಿ ಫೋಟೋ ತೆಗೆದಿಟ್ಕೊಂಡಿದ್ರಂತೂ ಯಾವ ಬಟನ್ನೂ ಏನೂ ಮಾಡಲ್ಲ.

ಇಷ್ಟು ತಿಳ್ಕೊಂಡ ಮೇಲೆ ನಾನು ಒಂದು ನಿರ್ಧಾರಕ್ಕೆ ಬಂದಿದೀನಿ. ಮಗು ಬಂದು "ನೋಡಮ್ಮ, ಇಂಗೆ ಕಳಿಸವ್ರೆ" ಅಂದ್ರೆ ಮೊದಲು ಮಾಡ್ಬೇಕಾದ ಕೆಲಸ ಅಳಿಸೋದಲ್ಲ, ಎತ್ತಿಡೋದು. ಟಿವಿ ಮುಂದೆ ನಿಂತು ನಮ್ಮ ಫೋನಲ್ಲೇ ಫೋಟೋ ತೆಗೀಬಹುದು. ಕಳಿಸಿದೋನ ಹೆಸರು, ತಾರೀಕು, ಮೇಲಿನ ಕೆಳಗಿನ ಮಾತು ಎಲ್ಲಾ ಬರೋ ಅಂಗೆ ತೆಗೀಬೇಕು. ಮಕ್ಕಳಿಗೆ ಗೊತ್ತಿದ್ರೆ ಪ್ಲೇಸ್ಟೇಷನ್ 5ರ ಕಂಟ್ರೋಲರಲ್ಲೇ ಕ್ರಿಯೇಟ್ ಅಂತ ಒಂದು ಬಟನ್ ಐತೆ, ಅದರಲ್ಲೂ ತೆಗೀತಾರೆ. ಆಮೇಲೆ ಆ ಮೆಸೇಜ್ ಮೇಲೇ ರಿಪೋರ್ಟ್ ಮಾಡ್ಬೇಕು. ರಿಪೋರ್ಟ್ ಮಾಡಿದ್ದನ್ನ ಕಂಪನಿಯೋರು ನೋಡಿ, ಕೆಟ್ಟದ್ದು ಅಂತ ಕಂಡ್ರೆ ಅವನ ಖಾತೆ ಮೇಲೆ ಕ್ರಮ ತಗೋತಾರೆ. ಮಾತಲ್ಲಿ ಬೈದಿದ್ರೂ ಪ್ಲೇಸ್ಟೇಷನ್ 5ರಲ್ಲಿ ದಾರಿ ಐತೆ. ವಾಯ್ಸ್ ಚಾಟಿನ ಕೊನೇ ಐದು ನಿಮಿಷ ಅದು ಹಿಡಿದಿಟ್ಟಿರ್ತದೆ, ಅದರಲ್ಲಿ ಒಂದು ತುಂಡು ಆರಿಸಿ ಕಳಿಸಬಹುದು. ಇದಾದ ಮೇಲೆ ಬ್ಲಾಕ್. ಲೀವ್ ಆಗೋದು, ಅಳಿಸೋದು ಎಲ್ಲಾ ಕಟ್ಟಕಡೇಗೆ. ಗಡಿಬಿಡೀಲಿ ಮೊದಲೇ ಲೀವ್ ಆದ್ರೆ ರಿಪೋರ್ಟ್ ಮಾಡಕ್ಕೆ ಕಣ್ಣ ಮುಂದೆ ಏನೂ ಇರಲ್ಲ.

ಬೈಗುಳ ದಾಟಿ ಬೆದರಿಕೆ, ಹೊಲಸು ಫೋಟೋ ಅಂತ ಹೋದ್ರೆ ಮನೆಯೊಳಗೆ ಇಟ್ಕೊಳ್ಳೋ ವಿಷಯ ಅಲ್ಲ ಅದು. ಮಕ್ಕಳ ಸಹಾಯವಾಣಿ 1098 ಐತೆ. ಸರ್ಕಾರದ ಸೈಬರ್ ಕ್ರೈಂ ಪೋರ್ಟಲಲ್ಲಿ ಹೆಂಗಸ್ರು ಮಕ್ಕಳ ದೂರಿಗೇ ಬೇರೆ ಜಾಗ ಐತೆ. ನಮ್ ರಾಜ್ಯದಲ್ಲಿ ಜಿಲ್ಲೆಗಳಲ್ಲಿ ಸಿಇಎನ್ ಪೊಲೀಸ್ ಸ್ಟೇಷನ್ ಅಂತ ಇಂಥ ದೂರು ನೋಡಕ್ಕೂ ಮಾಡವ್ರೆ. ಎಲ್ಲಿಗೆ ಹೋದ್ರೂ ಮೊದಲ ಪ್ರಶ್ನೆ "ತೋರಿಸಿ" ಅಂತಲೇ. ಅವತ್ತು ಕೈಲಿ ಏನಾದ್ರೂ ಇರ್ಬೇಕು.

ನಮ್ ಮೂಲೆಮನೆ ಅಕ್ಕ ಇದನ್ನೆಲ್ಲಾ ಕೇಳಿ "ಅಲ್ಲ ಕಣೇ, ಆ ಹೊಲಸನ್ನ ಮನೇಲಿ ಇಟ್ಕೊಂಡ್ರೆ ಮಗು ದಿನಾ ನೋಡಿ ನೋಡಿ ಕೊರಗಲ್ವಾ? ಮಕ್ಕಳ ತಪ್ಪು ಮರೀಬಾರ್ದಾ?" ಅಂದ್ರು. ಅವರ ಮಾತಲ್ಲೂ ನ್ಯಾಯ ಐತೆ. ಫೋಟೋ ತೆಗೆದು ದೊಡ್ಡೋರ ಫೋನಲ್ಲಿ ಇಟ್ಕೊಂಡು, ಮಗುವಿನ ಕಣ್ಣ ಮುಂದಿಂದ ಅದನ್ನ ತೆಗೀಬೇಕು. ಹೊರೆ ನಮ್ಮ ತಾವ ಇರ್ಲಿ, ಮಗು ಮಲಗಲಿ. ಇನ್ನು ಮಗು ತಾನೇ ಬಾಯಿ ಜಾರಿ ಏನಾದ್ರೂ ಕಳಿಸಿದ್ರೆ, ಅಳಿಸೋ ದಾರಿ ಇದ್ದಲ್ಲಿ ಅಳಿಸ್ಲಿ. ಜೊತೆಗೆ "ತಪ್ಪಾಯ್ತು ಕಣೋ" ಅಂತ ಒಂದು ಮಾತು ಹೇಳಿಸ್ಬೇಕು. ಅಳಿಸಿ ಸುಮ್ಮನಾದ್ರೆ ಓದಿದೋನ ಮನಸ್ಸಲ್ಲಿ ಅದು ಕೂತೇ ಇರ್ತದೆ.

2023ರಲ್ಲಿ ನಮ್ಮ ಪಾರ್ಲಿಮೆಂಟು ಡಿಜಿಟಲ್ ವೈಯಕ್ತಿಕ ದತ್ತಾಂಶ ಸಂರಕ್ಷಣಾ ಕಾಯ್ದೆ ಅಂತ ಒಂದು ಮಾಡೈತೆ. ಅದರ ಪ್ರಕಾರ 18 ತುಂಬದೋರು ಮಕ್ಕಳು, ಅವರ ವಿವರ ಬಳಸಕ್ಕೆ ಅಪ್ಪಅಮ್ಮನ ಒಪ್ಪಿಗೆ ಬೇಕು, ನಮ್ಮ ವಿವರ ಅಳಿಸಿ ಅಂತ ಕಂಪನಿಯನ್ನ ಕೇಳೋ ಹಕ್ಕೂ ಐತೆ. ಒಳ್ಳೇದೇ. ಆದ್ರೆ ಪಕ್ಕದ ಮನೆ ಹುಡುಗನ ಫೋನಲ್ಲಿರೋ ಫೋಟೋ ಅಳಿಸಕ್ಕೆ ಆ ಕಾಯ್ದೆ ಬರಲ್ಲ. ನಾವೇ ಮೊದಲೇ ಬಾಗಿಲು ಭದ್ರ ಮಾಡ್ಕೋಬೇಕು. ಮಗುವಿಗೆ ಮಕ್ಕಳ ಖಾತೇನೇ ಮಾಡಿ, ದೊಡ್ಡೋರ ಖಾತೆ ಕೆಳಗೆ ಸೇರಿಸಿದ್ರೆ, ಮೆಸೇಜು, ಮಾತುಕತೆ ಬೇಕಾ ಬೇಡವಾ ಅಂತ ನಾವು ತೀರ್ಮಾನ ಮಾಡಬಹುದು. ಪ್ಲೇಸ್ಟೇಷನ್ನಲ್ಲೂ ಐತೆ, ಎಕ್ಸ್‌ಬಾಕ್ಸಲ್ಲೂ ಐತೆ. ಎಷ್ಟೋ ಮನೇಲಿ ಹುಡುಗ ತಾನೇ ವಯಸ್ಸು ಜಾಸ್ತಿ ಹಾಕಿ ಖಾತೆ ತೆರೆದಿರ್ತಾನೆ. ಅದನ್ನ ಒಂದು ಸಲ ಕೂತು ನೋಡಿ.

ಇದೆಲ್ಲಾ ಪಟ್ಟಣದೋರ ಕತೆ ಅಂತ ನಮ್ ಕಡೆಯೋರು ಅಂದ್ಕೋಬೇಡಿ. ಇಲ್ಲಿ ಟಿವಿಗೆ ಸಿಕ್ಕಿಸೋ ಗೇಮ್ ಇಲ್ದೆ ಇರಬಹುದು, ಅರಳಿಕಟ್ಟೆ ಮೇಲೆ ಕೂತ ಹುಡುಗರ ಕೈಲಿ ಫೋನ್ ಐತೆ, ಅದರಲ್ಲಿ ಬಿಜಿಎಂಐ ಐತೆ, ಅದರಲ್ಲೂ ಚಾಟ್ ಐತೆ.

ನನಗೆ ಬೇಜಾರಾಗೋದು ಬೇರೆ ಒಂದಕ್ಕೆ. ಅಳಿಸೋದು ನಮಗೆ ಮಿಷನ್ ಬರೋಕೆ ಮುಂಚೇನೇ ಅಭ್ಯಾಸ. ಅತ್ತೆ ಅಂದಿದ್ದು, ಗಂಡ ಅಂದಿದ್ದು, ಬಸ್ಸಲ್ಲಿ ಯಾರೋ ಮೈ ತಾಕ್ಸಿದ್ದು, ಎಲ್ಲಾ "ಓಗ್ಲಿ ಬುಡು". ಮಾನ ಹೋಗ್ತದೆ ಅಂತ ಹೆದರಿ ನಮ್ಮ ಕಡೆ ಅಳಿಸ್ಕೊಂಡ್ವಿ. ಅಂದೋರ ಕಡೆ ಏನೂ ಅಳಿಸಲಿಲ್ಲ. ಅವರು ಇನ್ನೊಬ್ಬರಿಗೂ ಅದನ್ನೇ ಅಂದ್ರು. ಆ ಅಭ್ಯಾಸಾನ ಮಕ್ಕಳ ಕೈಗೆ ದಾಟಿಸೋದು ಬೇಡ. ಮಗು ಅಳ್ತಾ ಬಂದು ತೋರಿಸ್ದಾಗ "ನಿಮ್ಮಪ್ಪ ನೋಡ್ಬಾರ್ದು" ಅಂದ್ರೆ, ತಪ್ಪು ನಂದೇ ಏನೋ ಅಂತ ಅದು ತಿಳ್ಕೋತದೆ. ಮುಂದಿನ ಸಲ ನಮಗೆ ತೋರಿಸೋದೇ ಇಲ್ಲ. "ಎಲ್ಲಿ, ತೋರ್ಸು, ಇಬ್ಬರೂ ಕೂತು ನೋಡಾನ" ಅಂದು ನೋಡಿ. ಅಷ್ಟು ಹೇಳಕ್ಕೆ ಕಂಪ್ಯೂಟರ್ ಬರ್ಬೇಕಾಗಿಲ್ಲ, ಇಂಗ್ಲಿಷೂ ಬರ್ಬೇಕಾಗಿಲ್ಲ.